ಟೈರು ಗೆದ್ದ ಐನೂರು ಮೈಲಿ

ಅಮೆರಿಕದ ದಕ್ಷಿಣ ಕರೊಲಿನಾ ರಾಜ್ಯದ ಡಾರ್ಲಿಂಗ್ಟನ್ ಎಂಬ ಸಣ್ಣ ಪಟ್ಟಣದ ಹೊರವಲಯದಲ್ಲಿ 1950ರ ಸೆಪ್ಟೆಂಬರ್ 4ರಂದು ನಡೆದ ‘ಸದರ್ನ್ 500’ ಎಂಬ ಕಾರ್ ಓಟವು, ಮನೆಬಳಕೆಗೆಂದು ಮಾರಾಟವಾಗುವ ಸಾಮಾನ್ಯ ಕಾರೊಂದು ಐನೂರು ಮೈಲಿಗಳನ್ನು, ಅಂದರೆ ಸುಮಾರು 805 ಕಿಲೋಮೀಟರ್‌ಗಳನ್ನು, ಒಂದೇ ದಿನದಲ್ಲಿ ಓಟದ ವೇಗದಲ್ಲಿ ಓಡಿ ಮುಗಿಸಬಲ್ಲುದೇ ಎಂಬುದನ್ನು ಸಾವಿರಾರು ಜನರ ಕಣ್ಣೆದುರಿಗೆ ಒರೆಗೆ ಹಚ್ಚಿದ ಓಟವಾಗಿದೆ. ಕೊಳ್ಳೇಗಾಲದಿಂದ ಮಳವಳ್ಳಿ, ಕನಕಪುರಗಳ ಮೂಲಕ ಬೆಂಗಳೂರಿಗೆ ಹೋಗಿ ಮರಳುವ ಪ್ರಯಾಣವನ್ನು ಬಿಡುವಿಲ್ಲದೆ ಮೂರು ಸಲ ಮಾಡಿದರೆ ಹೆಚ್ಚುಕಡಿಮೆ ಇಷ್ಟು ದೂರವಾಗುತ್ತದೆ. ಆ ದಿನ ಓಟಕ್ಕೆ ನಿಂತ 75 ಕಾರುಗಳಲ್ಲಿ ಹೆಚ್ಚು ಬಲದ ಎಂಜಿನ್ ಇದ್ದ ಕಾರುಗಳು ಹಲವಿದ್ದವು. ಅವುಗಳ ಚಾಲಕರು ನುರಿತವರೂ ಧೈರ್ಯಸ್ಥರೂ ಆಗಿದ್ದರು. ಆದರೂ ಗೆದ್ದದ್ದು ಕಡಿಮೆ ಬಲದ, ಹೆಚ್ಚು ಬೆಲೆಯಿಲ್ಲದ ಒಂದು ಪ್ಲಿಮತ್ ಕಾರು, ಮತ್ತು ಅದರ ಗೆಲುವಿಗೆ ಕಾರಣವಾದದ್ದು ಅದರ ಚಕ್ರಗಳಿಗೆ ಹಾಕಿದ್ದ ಗಟ್ಟಿ ರಬ್ಬರಿನ ಟೈರು. ತಾಳುಬೆಟ್ಟದಿಂದ ಮಲೆ ಮಹದೇಶ್ವರ ಬೆಟ್ಟಕ್ಕೆ ಏರುವ ತಿರುವುಗಳಲ್ಲಿ ದಿನವೂ ಬಸ್ಸು ಓಡಿಸುವ ಹನೂರು ಸೀಮೆಯ ಚಾಲಕರಿಗಾಗಲಿ, ಕರಿಕಲ್ಲಿನ ದಿಮ್ಮಿಗಳನ್ನು ಸಾಗಿಸುವ ಕೊಳ್ಳೇಗಾಲದ ಲಾರಿಯವರಿಗಾಗಲಿ ಟೈರಿನ ಮಹತ್ವವನ್ನು ಬಿಡಿಸಿ ಹೇಳಬೇಕಾಗಿಲ್ಲ; ಅವರು ಅನುಭವದಿಂದ ಬಲ್ಲ ಸಂಗತಿಯನ್ನೇ ಡಾರ್ಲಿಂಗ್ಟನ್‌ನಲ್ಲಿ ಸೇರಿದ್ದ ಚಾಲಕರು ಒಂದು ಹಗಲಿನಲ್ಲಿ, ಬಹಳ ನಷ್ಟಕ್ಕೆ ಗುರಿಯಾಗಿ, ಕಲಿತುಕೊಂಡರು.

ಕಾರ್ಖಾನೆಯಲ್ಲಿ ತಯಾರಾಗಿ, ಅಂಗಡಿಯ ದಾಸ್ತಾನಿನಲ್ಲಿದ್ದು, ಹಣ ಕೊಟ್ಟ ಯಾರಿಗೂ ಸಿಗುವ ಕಾರನ್ನು ಹೆಚ್ಚೇನೂ ಬದಲಿಸದೆ ಓಟಕ್ಕೆ ಇಳಿಸಿದರೆ ಅದನ್ನು ಸ್ಟಾಕ್ ಕಾರ್ ಎನ್ನುತ್ತಾರೆ. ಓಟಕ್ಕೆಂದೇ ಕಟ್ಟಿದ, ಚಕ್ರಗಳು ಹೊರಗೆ ಕಾಣುವ ಕಾರುಗಳ ಓಟಗಳು ಅಮೆರಿಕದಲ್ಲಿ ಇಪ್ಪತ್ತನೆಯ ಶತಮಾನದ ಆರಂಭದಿಂದಲೂ ನಡೆಯುತ್ತಿದ್ದು, 1911ರಲ್ಲಿ ಶುರುವಾದ ಇಂಡಿಯಾನಾಪೊಲಿಸ್‌ನ 500 ಮೈಲಿ ಓಟ ಅವುಗಳಲ್ಲಿ ಪ್ರಸಿದ್ಧವಾದುದು. ಅಂತಹ ಕಾರನ್ನು ಕಟ್ಟುವುದು ಹಣವಂತರ ಕೆಲಸವಾಗಿತ್ತು. ಸ್ಟಾಕ್ ಕಾರ್ ಓಟಕ್ಕೆ ಬಂದವರಾದರೋ ದಕ್ಷಿಣದ ರಾಜ್ಯಗಳ ರೈತರು, ಮೆಕ್ಯಾನಿಕ್‌ಗಳು, ಲಾರಿ ಚಾಲಕರು ಮತ್ತು ಕಾನೂನಿನ ಕಣ್ಣು ತಪ್ಪಿಸಿ ಹೆಂಡ ಸಾಗಿಸುವ ಯುವಕರು.

ಈ ಕೊನೆಯ ವರ್ಗದ ಬಗ್ಗೆ ಎರಡು ಮಾತು ಹೇಳಲೇಬೇಕು. ಅಮೆರಿಕದಲ್ಲಿ 1920ರಿಂದ 1933ರವರೆಗೆ ಪಾನನಿಷೇಧವಿತ್ತು. ಅದು ತೆರವಾದ ಮೇಲೂ ತೆರಿಗೆ ತಪ್ಪಿಸಿ ಬೆಟ್ಟಗಾಡಿನಲ್ಲಿ ರಾತ್ರಿಯ ವೇಳೆ ವಿಸ್ಕಿ ಇಳಿಸುವ ದಂಧೆ ಕರೊಲಿನಾ, ಜಾರ್ಜಿಯಾ ಮತ್ತು ವರ್ಜೀನಿಯಾಗಳಲ್ಲಿ ನಿಲ್ಲಲಿಲ್ಲ. ಆ ಸರಕನ್ನು ಊರುಗಳಿಗೆ ಸಾಗಿಸುವವರು ಹೊರಗೆ ಸಾದಾ ಫೋರ್ಡ್ ಕಾರಿನಂತೆ ಕಾಣುವ, ಒಳಗೆ ಬಲಪಡಿಸಿದ ಎಂಜಿನ್ ಮತ್ತು ಗಟ್ಟಿಮಾಡಿದ ಸ್ಪ್ರಿಂಗ್ ಪಟ್ಟಿಗಳಿರುವ ಕಾರುಗಳನ್ನು ಬಳಸುತ್ತಿದ್ದರು. ಪೊಲೀಸರಿಗೆ ಸಿಗದಂತೆ ಮಣ್ಣುದಾರಿಯ ತಿರುವುಗಳಲ್ಲಿ ಕಾರು ತೂರಿಸುವ ಇವರ ಚಳಕವೇ ವಾರದ ಕೊನೆಯಲ್ಲಿ ಹೊಲಗಳಲ್ಲಿ ನಡೆಯುವ ಪಂದ್ಯವಾಯಿತು. ಅದೇ ಕಾಲದಲ್ಲಿ ಕೊಯಮತ್ತೂರು ಜಿಲ್ಲೆಯ ಭಾಗವಾಗಿ ಮದರಾಸು ಪ್ರಾಂತ್ಯದಲ್ಲಿದ್ದ ಕೊಳ್ಳೇಗಾಲವೂ, ಆಗ ಅದೇ ತಾಲ್ಲೂಕಿಗೆ ಸೇರಿದ್ದ ಹನೂರೂ, 1948ರ ಹೊತ್ತಿಗೆ ಇಡೀ ಪ್ರಾಂತ್ಯಕ್ಕೆ ಹಬ್ಬಿದ ಪಾನನಿಷೇಧದ ವ್ಯಾಪ್ತಿಗೆ ಬಂದಿದ್ದವು; ಪಕ್ಕದ ಯಳಂದೂರು ಮಾತ್ರ ಮೈಸೂರು ಸಂಸ್ಥಾನದಲ್ಲಿತ್ತು. ಕಾನೂನು ಒಂದು ಕಡೆ, ಜನರ ರೂಢಿ ಇನ್ನೊಂದು ಕಡೆ ಎಳೆಯುವಾಗ ಏನಾಗುತ್ತದೆಂಬುದು ಹಾಗಾಗಿ ಈ ಸೀಮೆಯ ಹಿರಿಯರಿಗೆ ಅಪರಿಚಿತ ವಿಷಯವಲ್ಲ. ಅಮೆರಿಕದ ದಕ್ಷಿಣದಲ್ಲಿ ಅದು ಒಂದು ಕ್ರೀಡೆಯ ಹುಟ್ಟಿಗೂ ಕಾರಣವಾದದ್ದು ವಿಶೇಷ.

ಹೀಗೆ ಚದುರಿಹೋಗಿದ್ದ ಪಂದ್ಯಗಳಿಗೆ ನಿಯಮ, ಅಂಕಪಟ್ಟಿ ಮತ್ತು ಖಚಿತ ಬಹುಮಾನಗಳ ಕಟ್ಟು ತಂದವನು ಫ್ಲಾರಿಡಾದ ಡೇಟೋನಾ ಬೀಚ್‌ನಲ್ಲಿ ನೆಲೆಸಿದ್ದ ಬಿಲ್ ಫ್ರಾನ್ಸ್. ಆತನ ಮುಂದಾಳುತನದಲ್ಲಿ 1947ರ ಡಿಸೆಂಬರ್‌ನಲ್ಲಿ ಅಲ್ಲಿನ ಹೋಟೆಲೊಂದರಲ್ಲಿ ನಡೆದ ಸಭೆಯಿಂದ ನ್ಯಾಸ್ಕಾರ್ ಎಂಬ ಸಂಸ್ಥೆ ಹುಟ್ಟಿ, ಮರುವರ್ಷದ ಫೆಬ್ರವರಿಯಲ್ಲಿ ನೋಂದಣಿಯಾಯಿತು. ಏನನ್ನೂ ಬದಲಿಸದ ಹೊಸ ಕಾರುಗಳಿಗೆಂದೇ ಅದು ಏರ್ಪಡಿಸಿದ ಮೊದಲ ಓಟ 1949ರ ಜೂನ್ 19ರಂದು ಷಾರ್ಲಟ್ ನಗರದ ಮಣ್ಣಿನ ಓಟದ ದಾರಿಯಲ್ಲಿ ನಡೆಯಿತು. ಅಲ್ಲಿ ಮೊದಲು ಬಂದವನು ಗ್ಲೆನ್ ಡನವೇ ಎಂಬ ಚಾಲಕ; ಆದರೆ ಓಟದ ನಂತರದ ತಪಾಸಣೆಯಲ್ಲಿ ಅವನ ಫೋರ್ಡ್ ಕಾರಿನ ಹಿಂದಿನ ಸ್ಪ್ರಿಂಗ್‌ಗಳನ್ನು ಹೆಂಡ ಸಾಗಿಸುವವರ ರೀತಿಯಲ್ಲಿ ಬದಲಿಸಿರುವುದು ಕಂಡುಬಂದು, ಗೆಲುವು ಲಿಂಕನ್ ಕಾರು ಓಡಿಸಿದ ಜಿಮ್ ರೋಪರ್‌ಗೆ ಹೋಯಿತು. ಕಾರಿನ ಮಾಲೀಕ ಹ್ಯೂಬರ್ಟ್ ವೆಸ್ಟ್‌ಮೋರ್ಲಂಡ್ ನ್ಯಾಯಾಲಯದ ಮೆಟ್ಟಿಲೇರಿ ಸೋತನು. ಮಾರುಕಟ್ಟೆಯಲ್ಲಿರುವಂತೆಯೇ ಕಾರು ಇರಬೇಕೆಂಬ ನಿಯಮಕ್ಕೆ ಈ ತೀರ್ಪಿನಿಂದ ಬಲ ಬಂದಿತು. ಮುಂದಿನ ವರ್ಷ ಡಾರ್ಲಿಂಗ್ಟನ್‌ನಲ್ಲಿ ಗೆದ್ದ ಪ್ಲಿಮತ್ ಕಾರಿನ ಮಾಲೀಕರ ಸಾಲಿನಲ್ಲಿ ಇದೇ ವೆಸ್ಟ್‌ಮೋರ್ಲಂಡನ ಹೆಸರಿರುವುದನ್ನು ಇಲ್ಲಿಯೇ ಗುರುತಿಸಿಕೊಳ್ಳಬಹುದು.

ಅಲ್ಲಿಯವರೆಗೆ ಸ್ಟಾಕ್ ಕಾರ್ ಓಟಗಳು ನಡೆಯುತ್ತಿದ್ದುದು ಬಹುಪಾಲು ಅರ್ಧ ಮೈಲಿ, ಮುಕ್ಕಾಲು ಮೈಲಿ ಉದ್ದದ ಮಣ್ಣಿನ ದಾರಿಗಳಲ್ಲಿ. ಇಂಡಿಯಾನಾಪೊಲಿಸ್‌ನ ಓಟವನ್ನು ಕಣ್ಣಾರೆ ಕಂಡು ಬಂದಿದ್ದ ಡಾರ್ಲಿಂಗ್ಟನ್‌ನ ಹೆರಾಲ್ಡ್ ಬ್ರಾಸಿಂಗ್ಟನ್ ಎಂಬ ಗುತ್ತಿಗೆದಾರನಿಗೆ ತನ್ನ ಊರಿನಲ್ಲೂ ಅಷ್ಟೇ ದೂರದ ಓಟ ನಡೆಯಬೇಕು, ಅದೂ ಸಾಮಾನ್ಯ ಕಾರುಗಳಿಂದಲೇ ನಡೆಯಬೇಕು ಎಂಬ ಹಂಬಲ ಹುಟ್ಟಿತು. ಶೆರ್ಮನ್ ರಾಮ್ಸೆ ಎಂಬ ರೈತನಿಂದ ಹತ್ತಿ ಮತ್ತು ಕಡಲೆಕಾಯಿ ಬೆಳೆಯುವ ಸುಮಾರು 70 ಎಕರೆ ಹೊಲವನ್ನು ಪಡೆದು, 1949ರ ಕೊನೆಯಲ್ಲಿ ಕೆಲಸ ಆರಂಭಿಸಿ, ಮಣ್ಣು ಅಗೆಯುವ ಯಂತ್ರಗಳನ್ನು ತಾನೇ ಓಡಿಸುತ್ತ, ಒಂದು ವರ್ಷ ತುಂಬುವುದರೊಳಗೆ ಒಂದೂಕಾಲು ಮೈಲಿ ಸುತ್ತಳತೆಯ ಡಾಂಬರು ದಾರಿಯನ್ನು ಅವನು ಸಿದ್ಧಪಡಿಸಿದನು. ಸ್ಟಾಕ್ ಕಾರುಗಳಿಗೆಂದು ಅಷ್ಟು ದೊಡ್ಡ ಡಾಂಬರು ದಾರಿ ಅದಕ್ಕೆ ಮೊದಲು ಎಲ್ಲಿಯೂ ಇರಲಿಲ್ಲ.

ಜಮೀನು ಕೊಡುವಾಗ ರಾಮ್ಸೆ ಹಾಕಿದ ಒಂದು ಷರತ್ತು ಆ ದಾರಿಯ ಆಕಾರವನ್ನೇ ಬದಲಿಸಿತು. ಹೊಲದ ಒಂದು ತುದಿಯಲ್ಲಿ ಅವನು ಸಣ್ಣ ಮೀನುಗಳನ್ನು ಸಾಕುವ ಹೊಂಡವಿತ್ತು. ಅದನ್ನು ಮುಚ್ಚಬಾರದು, ಅದಕ್ಕೆ ಧಕ್ಕೆಯಾಗಬಾರದು ಎಂಬುದು ಅವನ ಮಾತು. ಬ್ರಾಸಿಂಗ್ಟನ್ ಆ ಮಾತಿಗೆ ಬೆಲೆ ಕೊಟ್ಟು, ಹೊಂಡದ ಬದಿಯ ತಿರುವನ್ನು ಒಳಕ್ಕೆ ಎಳೆದು ಇಕ್ಕಟ್ಟಾಗಿಸಿದನು; ಎದುರು ತುದಿಯ ತಿರುವು ಮೊದಲೇ ಯೋಚಿಸಿದ್ದಂತೆ ಅಗಲವಾಗಿ ಉಳಿಯಿತು. ಎರಡು ತುದಿಗಳೂ ಸಮನಾಗಿರಬೇಕಾಗಿದ್ದ ದಾರಿ ಹೀಗೆ ಕೋಳಿಮೊಟ್ಟೆಯ ಆಕಾರ ಪಡೆಯಿತು. ಅಗಲದ ತಿರುವಿಗೆ ಹೊಂದುವಂತೆ ಕಾರನ್ನು ಸಿದ್ಧಗೊಳಿಸಿದರೆ ಅದು ಇಕ್ಕಟ್ಟಿನ ತಿರುವಿನಲ್ಲಿ ಗೋಡೆಗೆ ಉಜ್ಜುತ್ತದೆ. ಇಕ್ಕಟ್ಟಿನ ತಿರುವಿಗೆ ಹೊಂದಿಸಿದರೆ ಇನ್ನೊಂದು ತುದಿಯಲ್ಲಿ ಹಿಂದೆ ಬೀಳುತ್ತದೆ. ಡಾರ್ಲಿಂಗ್ಟನ್‌ನಲ್ಲಿ ಓಡಿದ ಕಾರುಗಳ ಬಲಮಗ್ಗುಲಿನಲ್ಲಿ ಗೋಡೆಗೆ ಉಜ್ಜಿದ ಪಟ್ಟೆ ಮೂಡುವುದು ಇಂದಿಗೂ ವಾಡಿಕೆಯ ಸಂಗತಿಯಾಗಿದ್ದು, ಅದು ಆ ದಾರಿಯಲ್ಲಿ ಓಡಿದ ಚಾಲಕನ ಗುರುತೆಂದೇ ಎಣಿಕೆಯಾಗಿದೆ. ಕೆರೆಕಟ್ಟೆಗಳನ್ನು ನೆಚ್ಚಿ ಬದುಕುವ ಸೀಮೆಯ ಓದುಗರು ರಾಮ್ಸೆಯ ಹಟವನ್ನು ಮೆಚ್ಚದಿರಲಾರರು. ಕೋಟ್ಯಂತರ ಹಣ ಹರಿಯುವ ಕ್ರೀಡಾಂಗಣವೊಂದು ಒಂದು ಮೀನಿನ ಹೊಂಡಕ್ಕೆ ದಾರಿ ಬಿಟ್ಟುಕೊಟ್ಟು ನಿಂತಿದೆ ಎಂಬುದು ನಿಜಕ್ಕೂ ದೊಡ್ಡ ಮಾತು.

ತಿರುವುಗಳಲ್ಲಿ ಕಾರು ಹೊರಕ್ಕೆ ಜಾರದಂತೆ ದಾರಿಯ ಹೊರ ಅಂಚನ್ನು ಎತ್ತರಿಸಿ ಒಳಕ್ಕೆ ಇಳಿಜಾರು ಮಾಡುವ ಕ್ರಮ ಇಂತಹ ಓಟದ ದಾರಿಗಳಲ್ಲಿದೆ. ಘಟ್ಟದ ರಸ್ತೆಗಳ ತಿರುವಿನಲ್ಲಿಯೂ ಎಂಜಿನಿಯರುಗಳು ಇದನ್ನೇ ಸೌಮ್ಯವಾಗಿ ಮಾಡುತ್ತಾರೆ. ಇಳಿಜಾರು ಹೆಚ್ಚಾದಷ್ಟೂ ತಿರುವಿನಲ್ಲಿ ವೇಗ ತಗ್ಗಿಸಬೇಕಾದ ಅಗತ್ಯ ಕಡಿಮೆಯಾಗುತ್ತದೆ. ಆದರೆ ಅದಕ್ಕೆ ತಕ್ಕಂತೆ ಟೈರಿನ ಮೇಲೆ ಬೀಳುವ ಭಾರ ಏರುತ್ತದೆ. ಅಮೆರಿಕದ ಈ ಓಟಗಳಲ್ಲಿ ಕಾರುಗಳು ಸದಾ ಎಡಕ್ಕೆ ತಿರುಗುತ್ತ ಸುತ್ತುವುದರಿಂದ ಹೊರಮಗ್ಗುಲಿನಲ್ಲಿರುವ ಬಲಗಡೆಯ ಮುಂದಿನ ಟೈರು ಎಲ್ಲಕ್ಕಿಂತ ಹೆಚ್ಚು ನಲುಗುತ್ತದೆ. ಮಣ್ಣಿನ ದಾರಿಯಲ್ಲಿ ಟೈರು ಸ್ವಲ್ಪ ಜಾರಿ, ಮಣ್ಣನ್ನು ತಳ್ಳಿ, ಬಿಸಿಯನ್ನು ಕಳೆದುಕೊಳ್ಳುತ್ತದೆ. ಹೊಸ ಡಾಂಬರು ಹಾಗಲ್ಲ. ಅದು ರಬ್ಬರನ್ನು ಬಿಡದೆ ಹಿಡಿದು ಉಜ್ಜುತ್ತದೆ. ಆ ಕಾಲದ ಟೈರುಗಳೆಂದರೆ ನೂಲಿನ ಪದರಗಳನ್ನು ಓರೆಯಾಗಿ ಒಂದರ ಮೇಲೊಂದು ಇಟ್ಟು ರಬ್ಬರಿನಲ್ಲಿ ಬೇಯಿಸಿದವು. ಒಳಗೆ ಟ್ಯೂಬು ಇರುತ್ತಿತ್ತು. ಬಿಸಿ ಮಿತಿ ಮೀರಿದರೆ ಪದರಗಳು ಬಿಟ್ಟುಕೊಂಡು, ನೆಲಕ್ಕೆ ತಾಗುವ ಮೇಲ್ಪದರ ಕಿತ್ತುಬಂದು, ಟ್ಯೂಬು ಸಿಡಿಯುತ್ತದೆ. ಬೇಸಿಗೆಯ ಮಧ್ಯಾಹ್ನ ರೀಸೋಲ್ ಟೈರಿನ ಲಾರಿ ಹೆದ್ದಾರಿಯಲ್ಲಿ ಬಿಟ್ಟುಹೋಗುವ ರಬ್ಬರಿನ ಪಟ್ಟಿಗಳ ಹಿಂದೆಯೂ ಇದೇ ಕಾರಣವಿದೆ.

ಓಟದ ಹೊಣೆಯನ್ನು ಮೊದಲು ವಹಿಸಿಕೊಂಡಿದ್ದ ಬೇರೊಂದು ಸಂಸ್ಥೆಗೆ ಸಾಕಷ್ಟು ಕಾರುಗಳನ್ನು ಕೂಡಿಸಲಾಗದೆ ಹೋದಾಗ ಬಿಲ್ ಫ್ರಾನ್ಸ್ ಮತ್ತು ನ್ಯಾಸ್ಕಾರ್ ಕೈಜೋಡಿಸಿದರು. ಆ ಮೇಲೆ ಪ್ರವೇಶಗಳು ಎಷ್ಟು ಬಂದವೆಂದರೆ, ಯಾರು ಯಾವ ಸಾಲಿನಲ್ಲಿ ನಿಲ್ಲಬೇಕೆಂದು ತೀರ್ಮಾನಿಸುವ ಅರ್ಹತಾ ಸುತ್ತುಗಳೇ ಹಲವು ದಿನ ನಡೆದವು. ಕೊನೆಗೆ ಇಂಡಿಯಾನಾಪೊಲಿಸ್‌ನ ರೂಢಿಯಂತೆ ಸಾಲಿಗೆ ಮೂರರಂತೆ 25 ಸಾಲುಗಳಲ್ಲಿ 75 ಕಾರುಗಳು ನಿಂತವು. ಮುಂಚೂಣಿಯ ಸ್ಥಾನ ಗಂಟೆಗೆ ಸುಮಾರು 82 ಮೈಲಿ, ಅಂದರೆ 132 ಕಿಲೋಮೀಟರ್ ವೇಗ ತೋರಿಸಿದ ಕರ್ಟಿಸ್ ಟರ್ನರ್‌ಗೆ ಸಿಕ್ಕಿತು. ಅವನೂ ಇನ್ನೂ ಅನೇಕರೂ ಓಡಿಸುತ್ತಿದ್ದುದು ಓಲ್ಡ್ಸ್‌ಮೊಬೀಲ್ 88 ಎಂಬ ಕಾರು. ಎಂಟು ಸಿಲಿಂಡರುಗಳ, 135 ಅಶ್ವಶಕ್ತಿಯ ಎಂಜಿನ್ ಅದರ ಹೆಗ್ಗಳಿಕೆ. ಅದೇ ವರ್ಷದ ಮೇ ತಿಂಗಳಲ್ಲಿ ಮೆಕ್ಸಿಕೊ ದೇಶವನ್ನು ಉತ್ತರದಿಂದ ದಕ್ಷಿಣಕ್ಕೆ ಹಾಯುವ ಹೆದ್ದಾರಿಯಲ್ಲಿ ಆರು ದಿನ ನಡೆದ ‘ಕರೇರಾ ಪಾನಮೆರಿಕಾನಾ’ ಎಂಬ ಮಹಾ ಓಟವನ್ನು ಹರ್ಷೆಲ್ ಮೆಗ್ರಿಫ್ ಇದೇ ಮಾದರಿಯ ಕಾರಿನಲ್ಲಿ ಗೆದ್ದಿದ್ದನಾದ್ದರಿಂದ, ದೂರದ ಓಟವೆಂದರೆ ಓಲ್ಡ್ಸ್‌ಮೊಬೀಲ್ ಎಂಬ ನಂಬಿಕೆ ಬೇರೂರುತ್ತಿತ್ತು. ಮೆಗ್ರಿಫ್ ಕೂಡ ಡಾರ್ಲಿಂಗ್ಟನ್‌ಗೆ ಬಂದಿದ್ದನು.

43ನೆಯ ಸ್ಥಾನದಲ್ಲಿ ನಿಂತಿದ್ದ ಜಾನಿ ಮಾಂಟ್ಸ್‌ನ ಕಡೆಗೆ ಯಾರೂ ಹೆಚ್ಚು ಗಮನ ಕೊಡಲಿಲ್ಲ. ಕ್ಯಾಲಿಫೋರ್ನಿಯಾದಿಂದ ಬಂದಿದ್ದ ಅವನು ದಕ್ಷಿಣದ ಮಣ್ಣಿನ ದಾರಿಗಳಿಗೆ ಹೊಸಬ. ಅವನ ಕಾರು ಆ ವರ್ಷದ ಎರಡು ಬಾಗಿಲಿನ ಪ್ಲಿಮತ್. ಆರು ಸಿಲಿಂಡರುಗಳ ಅದರ ಎಂಜಿನಿನ ಶಕ್ತಿ 97 ಅಶ್ವಶಕ್ತಿ ಮಾತ್ರ. ವೆಸ್ಟ್‌ಮೋರ್ಲಂಡ್, ಬಿಲ್ ಫ್ರಾನ್ಸ್, ಕರ್ಟಿಸ್ ಟರ್ನರ್ ಮತ್ತು ಆಲ್ವಿನ್ ಹಾಕಿನ್ಸ್ ಕೂಡಿ ಕೊಂಡಿದ್ದ ಈ ಕಾರನ್ನು ಓಟಕ್ಕೆ ಮುಂಚೆ ಊರೊಳಗಿನ ಓಡಾಟಕ್ಕೆ, ಸಾಮಾನು ತರುವುದಕ್ಕೆ ಬಳಸಲಾಗುತ್ತಿತ್ತು. ಆದರೆ ಮಾಂಟ್ಸ್‌ಗೆ ಉಳಿದವರಲ್ಲಿ ಹೆಚ್ಚಿನವರಿಗೆ ಇಲ್ಲದ ಒಂದು ಅನುಭವವಿತ್ತು: ಅವನು ಇಂಡಿಯಾನಾಪೊಲಿಸ್‌ನಲ್ಲಿ ಐನೂರು ಮೈಲಿಯ ಓಟಗಳನ್ನು ಓಡಿದ್ದನು. ಗಟ್ಟಿ ನೆಲ, ದೀರ್ಘ ದೂರ, ಸೆಪ್ಟೆಂಬರ್‌ನ ಬಿಸಿಲು, ಭಾರದ ಕಾರು ಇವೆಲ್ಲ ಕೂಡಿದರೆ ಎಂಜಿನಿಗಿಂತ ಮೊದಲು ಟೈರು ಸೋಲುತ್ತದೆಂದು ಅವನು ಬಲ್ಲವನಾಗಿದ್ದನು. ಹಾಗಾಗಿ ಅವನ ಪ್ಲಿಮತ್‌ಗೆ ಲಾರಿಗಳಿಗೆ ಹಾಕುವಂತಹ ಗಟ್ಟಿ ರಬ್ಬರಿನ ಟೈರುಗಳನ್ನು ಜೋಡಿಸಲಾಯಿತು. ಗಟ್ಟಿ ರಬ್ಬರಿಗೆ ನೆಲದ ಹಿಡಿತ ಕಡಿಮೆ, ಆದ್ದರಿಂದ ತಿರುವಿನಲ್ಲಿ ವೇಗವೂ ಕಡಿಮೆ; ಆದರೆ ಅದು ತಡವಾಗಿ ಸವೆಯುತ್ತದೆ. ಪ್ಲಿಮತ್ ಪ್ರತಿಸ್ಪರ್ಧಿ ಕಾರುಗಳಿಗಿಂತ ಹಗುರವಾಗಿದ್ದುದು ಇನ್ನೊಂದು ಅನುಕೂಲವಾಯಿತು.

ಅಮೆರಿಕದಲ್ಲಿ ಸೆಪ್ಟೆಂಬರ್‌ನ ಮೊದಲ ಸೋಮವಾರ ಕಾರ್ಮಿಕರ ದಿನದ ರಜೆ. 1950ರ ಆ ರಜೆಯ ದಿನ ಡಾರ್ಲಿಂಗ್ಟನ್‌ಗೆ ಬಂದ ಜನ ಸುಮಾರು 25,000. ಊರಿನ ಜನಸಂಖ್ಯೆಯನ್ನು ಅದು ಎಷ್ಟೋ ಪಾಲು ಮೀರಿತ್ತು. ಓಟ ಆರಂಭವಾಗುತ್ತಲೇ ಗೋಬರ್ ಸೋಸ್ಬಿ ಮುಂದಾದನು, ಅವನನ್ನು ಟರ್ನರ್ ಹಿಂದಿಕ್ಕಿದನು, ಬಳಿಕ ಕಾಟನ್ ಓವೆನ್ಸ್ ಮುಂದೆ ಬಂದನು. ಮಣ್ಣಿನ ದಾರಿಯ ಇನ್ನೂರು ಸುತ್ತಿನ ಓಟಕ್ಕೆ ಒಗ್ಗಿದ್ದ ಈ ಚಾಲಕರು ಮೊದಲಿನಿಂದಲೇ ಕಾರನ್ನು ದಮ್ಮಿರುವಷ್ಟು ಓಡಿಸಿದರು. ಕೆಲವೇ ಸುತ್ತುಗಳಲ್ಲಿ ಟೈರುಗಳು ಒಂದಾದ ಮೇಲೊಂದು ಸಿಡಿಯತೊಡಗಿದವು.

ಪಿಟ್ ಎಂದರೆ ಓಟದ ನಡುವೆ ಕಾರು ನಿಂತು ಪೆಟ್ರೋಲು ತುಂಬಿಸಿಕೊಂಡು ಚಕ್ರ ಬದಲಿಸಿಕೊಳ್ಳುವ ಜಾಗ. ಇಂದಿನ ಪಿಟ್‌ಗಳಲ್ಲಿ ತರಬೇತಾದ ತಂಡವೊಂದು ನಾಲ್ಕು ಚಕ್ರಗಳನ್ನು ಹತ್ತು ಹನ್ನೆರಡು ಸೆಕೆಂಡುಗಳಲ್ಲಿ ಬದಲಿಸುತ್ತದೆ. ಅಂದು ಅಲ್ಲಿದ್ದವರು ಚಾಲಕನ ಅಣ್ಣತಮ್ಮಂದಿರು, ಸ್ನೇಹಿತರು, ಊರಿನ ಗ್ಯಾರೇಜಿನವರು. ಅವರ ಕೈಯಲ್ಲಿದ್ದುದು ಸಾಮಾನ್ಯ ಜಾಕಿ ಮತ್ತು ವೀಲ್ ಸ್ಪ್ಯಾನರ್. ಕಾರು ಕುಂಟುತ್ತ ಬಂದು ನಿಂತರೆ, ಕೈ ಸುಡುವಷ್ಟು ಕಾದ ನಟ್ಟುಗಳನ್ನು ಒಂದೊಂದಾಗಿ ಸಡಿಲಿಸಿ, ಜಾಕಿ ಏರಿಸಿ, ಸ್ಟೆಪ್ನಿ ಹಾಕಿ, ಮತ್ತೆ ಬಿಗಿದು ಕಳುಹಿಸುವಷ್ಟರಲ್ಲಿ ಮುಂದಿನ ಕಾರುಗಳು ಹಲವು ಸುತ್ತು ಮುಂದೆ ಹೋಗಿರುತ್ತಿದ್ದವು. ಒಂದು ಸುತ್ತಿಗೆ ಬೇಕಾಗುತ್ತಿದ್ದುದು ಒಂದು ನಿಮಿಷ ಮಾತ್ರವಾದ್ದರಿಂದ ಪಿಟ್‌ನಲ್ಲಿ ಕಳೆದ ಪ್ರತಿ ನಿಮಿಷವೂ ಎರಡು ಕಿಲೋಮೀಟರ್ ದೂರದ ನಷ್ಟ. ತಂದಿದ್ದ ಟೈರುಗಳೆಲ್ಲ ಮುಗಿದಾಗ ತಂಡಗಳವರು ಪ್ರೇಕ್ಷಕರು ನಿಲ್ಲಿಸಿದ್ದ ಕಾರುಗಳ ಬಳಿಗೆ ಹೋಗಿ, ಅವುಗಳ ಚಕ್ರಗಳನ್ನು ಕೇಳಿ ಬಿಚ್ಚಿಸಿಕೊಂಡು ಬಂದರೆಂದು ಆ ಓಟದ ಬಗ್ಗೆ ಬರೆದವರು ಹೇಳುತ್ತಾರೆ. ಓಡುತ್ತಿದ್ದ ಕಾರುಗಳೂ ಹೊರಗೆ ನಿಂತ ಕಾರುಗಳೂ ಒಂದೇ ಕಾರ್ಖಾನೆಯ ಸರಕಾಗಿದ್ದುದರಿಂದ ಅದು ಸಾಧ್ಯವಿತ್ತು. ಸ್ಟಾಕ್ ಕಾರ್ ಎಂಬ ಕಲ್ಪನೆ ಅಷ್ಟು ನೇರವಾಗಿ ನಿಜವಾಗಿದ್ದ ಗಳಿಗೆ ಈ ಕ್ರೀಡೆಯ ಚರಿತ್ರೆಯಲ್ಲಿ ಮತ್ತೆ ಬರಲಿಲ್ಲ.

ಇಷ್ಟೆಲ್ಲ ನಡೆಯುತ್ತಿರುವಾಗ ಮಾಂಟ್ಸ್ ದಾರಿಯ ಒಳ ಅಂಚನ್ನು ಹಿಡಿದು, ತಿರುವಿನ ಎತ್ತರದ ಭಾಗಕ್ಕೆ ಏರದೆ, ಒಂದೇ ಹದದಲ್ಲಿ ಓಡಿಸಿದನು. ಮೇಲಕ್ಕೆ ಏರಿದರೆ ಹೆಚ್ಚು ವೇಗ ಸಿಗುತ್ತದೆ, ಆದರೆ ದೂರವೂ ಹೆಚ್ಚು, ಟೈರಿನ ಮೇಲಿನ ಒತ್ತಡವೂ ಹೆಚ್ಚು. ಕೆಳಗೆ ಇದ್ದರೆ ಎರಡೂ ಕಡಿಮೆ. ಐವತ್ತನೆಯ ಸುತ್ತಿನಲ್ಲಿ ಅವನು ಮುಂದಾದನು. ಅಲ್ಲಿಂದ ನಾನೂರನೆಯ ಸುತ್ತಿನವರೆಗೆ ಅವನನ್ನು ಯಾರೂ ಹಿಂದಿಕ್ಕಲಿಲ್ಲ. ಒಟ್ಟು 6 ಗಂಟೆ 38 ನಿಮಿಷಗಳ ಬಳಿಕ, ಗಂಟೆಗೆ 75.25 ಮೈಲಿ ಅಂದರೆ ಸುಮಾರು 121 ಕಿಲೋಮೀಟರ್ ಸರಾಸರಿ ವೇಗದಲ್ಲಿ ಅವನು ಓಟ ಮುಗಿಸಿದಾಗ, ಎರಡನೆಯ ಸ್ಥಾನದಲ್ಲಿದ್ದ 21 ವರ್ಷದ ಫೈರ್‌ಬಾಲ್ ರಾಬರ್ಟ್ಸ್ ಒಂಬತ್ತು ಸುತ್ತು ಹಿಂದಿದ್ದನು. ಒಂಬತ್ತು ಸುತ್ತೆಂದರೆ 18 ಕಿಲೋಮೀಟರ್. ಕೊಳ್ಳೇಗಾಲಕ್ಕೂ ಯಳಂದೂರಿಗೂ ನಡುವಿನ ಅಂತರ ಅದರ ಆಸುಪಾಸಿನಲ್ಲಿದೆ. ಗೆದ್ದವನಿಗೆ ಸಿಕ್ಕ ಬಹುಮಾನ 10,510 ಡಾಲರ್, ಆಗಿನ ವಿನಿಮಯ ದರದಲ್ಲಿ ಸುಮಾರು 50,000 ರೂಪಾಯಿ.

ಮೂರನೆಯವನಾಗಿ ಬಂದ ರೆಡ್ ಬೈರನ್‌ನನ್ನು ನೆನೆಯದೆ ಈ ಓಟದ ಕಥನ ಪೂರ್ಣವಾಗದು. ಎರಡನೆಯ ಮಹಾಯುದ್ಧದಲ್ಲಿ ಬಾಂಬರ್ ವಿಮಾನದ ಸಿಬ್ಬಂದಿಯಾಗಿದ್ದಾಗ ಅವನ ಎಡಗಾಲು ತೀವ್ರವಾಗಿ ಗಾಯಗೊಂಡು ಊನವಾಗಿತ್ತು. ಕ್ಲಚ್ ತುಳಿಯಲು ಅನುವಾಗುವಂತೆ ಅವನ ಕಾರಿನ ಪೆಡಲ್‌ಗೆ ಕಾಲನ್ನು ಸಿಕ್ಕಿಸಿಕೊಳ್ಳುವ ವ್ಯವಸ್ಥೆ ಮಾಡಲಾಗುತ್ತಿತ್ತು. ನ್ಯಾಸ್ಕಾರ್‌ನ 1949ರ ಮೊದಲ ಸ್ಟಾಕ್ ಕಾರ್ ಚಾಂಪಿಯನ್ ಈತನೇ. ಆರೂವರೆ ಗಂಟೆಗೂ ಮೀರಿ, ಮತ್ತೆ ಮತ್ತೆ ಟೈರು ಸಿಡಿದು ಪಿಟ್‌ಗೆ ಬರುತ್ತ, ಅಂತಹ ಕಾಲಿನಿಂದ ಕ್ಲಚ್ ಒತ್ತುತ್ತ ಕ್ಯಾಡಿಲಾಕ್ ಕಾರನ್ನು ಮೂರನೆಯ ಸ್ಥಾನಕ್ಕೆ ತಂದ ಅವನ ಸಾಧನೆ ಮಾಂಟ್ಸ್‌ನ ಗೆಲುವಿಗೆ ಯಾವ ರೀತಿಯಲ್ಲೂ ಕಡಿಮೆಯಾದುದಲ್ಲ.

ಓಟವನ್ನು ನಡೆಸಿದ ಬಿಲ್ ಫ್ರಾನ್ಸ್ ಗೆದ್ದ ಕಾರಿನ ಪಾಲುದಾರನೂ ಆಗಿದ್ದುದು ಅಂದಿನಿಂದಲೂ ಟೀಕೆಗೆ ಒಳಗಾಗಿದೆ, ಮತ್ತು ಆ ಟೀಕೆ ನ್ಯಾಯವಾದುದು. ನಿಯಮವನ್ನು ಜಾರಿಗೆ ತರುವವನು ಸ್ಪರ್ಧೆಯ ಫಲಿತಾಂಶದಲ್ಲಿ ಪಾಲು ಇಟ್ಟುಕೊಳ್ಳಬಾರದು. ಹಾಗೆಂದು ಮಾಂಟ್ಸ್‌ನ ಗೆಲುವನ್ನು ತಳ್ಳಿಹಾಕುವುದೂ ಸರಿಯಲ್ಲ. ಒಂಬತ್ತು ಸುತ್ತಿನ ಅಂತರವನ್ನು ವಿವರಿಸಲು ಟೈರು ಮತ್ತು ಹದವಾದ ಚಾಲನೆ ಇವೆರಡೇ ಸಾಕಾಗುತ್ತವೆ.

ಡಾರ್ಲಿಂಗ್ಟನ್‌ನ ಯಶಸ್ಸನ್ನು ಕಂಡ ಕಾರು ಕಂಪನಿಗಳು ಓಟದ ಫಲಿತಾಂಶವನ್ನು ಜಾಹೀರಾತಿನಲ್ಲಿ ಬಳಸತೊಡಗಿದವು. 1951ರ ಸದರ್ನ್ 500ರಲ್ಲಿ ಹರ್ಬ್ ಥಾಮಸ್ ಹಡ್ಸನ್ ಹಾರ್ನೆಟ್ ಕಾರಿನಲ್ಲಿ ಗೆದ್ದನು, ಹಾರ್ನೆಟ್‌ನ ಹೆಸರು ಮನೆಮಾತಾಯಿತು. 1950ರ ದಶಕದಲ್ಲಿಯೇ ಟೈರು ಕಂಪನಿಗಳು ಓಟಕ್ಕೆಂದೇ ಟೈರು ತಯಾರಿಸಲು ಮುಂದಾದವು. ಡಾರ್ಲಿಂಗ್ಟನ್‌ಗಿಂತ ದೊಡ್ಡ ದಾರಿಗಳು 1959ರಲ್ಲಿ ಡೇಟೋನಾದಲ್ಲಿಯೂ, 1960ರಲ್ಲಿ ಷಾರ್ಲಟ್ ಮತ್ತು ಅಟ್ಲಾಂಟಾಗಳಲ್ಲಿಯೂ ಎದ್ದವು. ವೇಗ ಬೆಳೆದಷ್ಟು ಬೇಗ ಸುರಕ್ಷತೆ ಬೆಳೆಯಲಿಲ್ಲ, ಅದರ ಬೆಲೆಯನ್ನು 1964ರಲ್ಲಿ ತೆರಬೇಕಾಯಿತು. ಡಾರ್ಲಿಂಗ್ಟನ್‌ನಲ್ಲಿ ಎರಡನೆಯವನಾಗಿ ಬಂದಿದ್ದ ಫೈರ್‌ಬಾಲ್ ರಾಬರ್ಟ್ಸ್ ಆ ವರ್ಷದ ಮೇ 24ರಂದು ಷಾರ್ಲಟ್‌ನ 600 ಮೈಲಿ ಓಟದ ಆರಂಭದಲ್ಲೇ ನಡೆದ ಅಪಘಾತದಲ್ಲಿ ಪೆಟ್ರೋಲ್ ಟ್ಯಾಂಕು ಹೊತ್ತಿಕೊಂಡು ಸುಟ್ಟ ಗಾಯಗಳಿಂದ ನರಳಿ ಜುಲೈ 2ರಂದು ತೀರಿಕೊಂಡನು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಜಿಮ್ಮಿ ಪರ್ಡ್ಯೂ ಎಂಬ ಚಾಲಕ ಟೈರು ಪರೀಕ್ಷೆಯ ವೇಳೆ ಸತ್ತನು. ಈ ಸಾವುಗಳ ಬಳಿಕ, ಅಪಘಾತದಲ್ಲಿ ಒಡೆಯದಂತೆ ರಬ್ಬರಿನ ಚೀಲದೊಳಗೆ ಇಂಧನ ತುಂಬುವ ಟ್ಯಾಂಕುಗಳು ಬಂದವು. ಹೊರಟೈರು ಸಿಡಿದರೂ ಕಾರು ನಿಯಂತ್ರಣ ತಪ್ಪದಂತೆ ಹಿಡಿದಿಡುವ ಒಳಟೈರನ್ನು ಗುಡ್‌ಇಯರ್ ಕಂಪನಿ ರೂಪಿಸಿತು. ದೊಡ್ಡ ದಾರಿಗಳಲ್ಲಿ ಒಳಟೈರು ದಶಕಗಳ ಕಾಲ ಬಳಕೆಯಲ್ಲಿತ್ತು.

ಈ ಓಟಗಳ ಅಂಗಳ ಎಲ್ಲರಿಗೂ ತೆರೆದಿರಲಿಲ್ಲ ಎಂಬ ಮಾತನ್ನು ಬಿಟ್ಟುಬಿಡುವುದು ಚರಿತ್ರೆಗೆ ಮಾಡುವ ಅನ್ಯಾಯವಾದೀತು. ಬಿಳಿಯರಿಗೊಂದು ಕರಿಯರಿಗೊಂದು ಎಂಬ ಭೇದ ದಕ್ಷಿಣ ಕರೊಲಿನಾದಲ್ಲಿ 1950ರಲ್ಲಿ ಕಾನೂನೇ ಆಗಿತ್ತು. ವರ್ಜೀನಿಯಾದ ವೆಂಡೆಲ್ ಸ್ಕಾಟ್ ಎಂಬ ಕಪ್ಪುಜನಾಂಗದ ಚಾಲಕ 1963ರ ಡಿಸೆಂಬರ್ 1ರಂದು ಫ್ಲಾರಿಡಾದ ಜಾಕ್ಸನ್‌ವಿಲ್‌ನಲ್ಲಿ ಗೆದ್ದಾಗ ಪಾರಿತೋಷಕವನ್ನು ಬೇರೆಯವನಿಗೆ ಕೊಡಲಾಯಿತು. ಗೆದ್ದವನು ಸ್ಕಾಟ್ ಎಂದು ಪ್ರಕಟಿಸಿದ್ದು ಗಂಟೆಗಳ ನಂತರ. ನ್ಯಾಸ್ಕಾರ್ ಅವನ ಕುಟುಂಬಕ್ಕೆ ಪಾರಿತೋಷಕವನ್ನು ಒಪ್ಪಿಸಿದ್ದು 2021ರಲ್ಲಿ, ಸ್ಕಾಟ್ ತೀರಿಕೊಂಡು ಮೂವತ್ತು ವರ್ಷಗಳಾದ ಮೇಲೆ.

ಡಾರ್ಲಿಂಗ್ಟನ್‌ನಲ್ಲಿ ಗೆದ್ದ ಪ್ಲಿಮತ್ ಕ್ರೈಸ್ಲರ್ ಕಂಪನಿಯದು, ಮತ್ತು ಈ ಕಂಪನಿಯ ಕಾರುಗಳಿಗೆ ಕನ್ನಡನಾಡಿನ ಒಂದು ದೊಡ್ಡ ಕನಸಿನೊಡನೆ ಸಂಬಂಧವಿದೆ. ಭಾರತದಲ್ಲಿಯೇ ಮೋಟಾರು ಕಾರ್ಖಾನೆ ಆಗಬೇಕೆಂದು ಸರ್ ಎಂ. ವಿಶ್ವೇಶ್ವರಯ್ಯನವರು 1935ರಲ್ಲಿ ಯುರೋಪು ಮತ್ತು ಅಮೆರಿಕಗಳಿಗೆ ಹೋಗಿ, ಅಲ್ಲಿನ ಕಾರ್ಖಾನೆಗಳನ್ನು ನೋಡಿ, ಯೋಜನೆಯೊಂದನ್ನು ಸಿದ್ಧಪಡಿಸಿದರು. ಉದ್ಯಮಿ ವಾಲ್‌ಚಂದ್ ಹೀರಾಚಂದ್ ಅದನ್ನು ಕೈಗೆತ್ತಿಕೊಂಡು ಕ್ರೈಸ್ಲರ್ ಜೊತೆ ಒಪ್ಪಂದಕ್ಕೆ ಬಂದರು. ಮೈಸೂರು ಸರ್ಕಾರ ಒಲವು ತೋರಿತು. ಆದರೆ ಯುದ್ಧಕಾಲದ ಬ್ರಿಟಿಷ್ ಆಡಳಿತ ಬೇಕಾದ ಭರವಸೆ ಕೊಡಲಿಲ್ಲ. ಇದೇ ವಾಲ್‌ಚಂದ್ ಮೈಸೂರು ಸರ್ಕಾರದ ನೆರವಿನಿಂದ 1940ರಲ್ಲಿ ಬೆಂಗಳೂರಿನಲ್ಲಿ ವಿಮಾನ ಕಾರ್ಖಾನೆಯನ್ನು ಕಟ್ಟಿದರೂ, ಮೋಟಾರು ಕಾರ್ಖಾನೆ ಮಾತ್ರ 1944ರಲ್ಲಿ ಪ್ರೀಮಿಯರ್ ಆಟೊಮೊಬೈಲ್ಸ್ ಎಂಬ ಹೆಸರಿನಲ್ಲಿ ಮುಂಬಯಿಯ ಪಾಲಾಯಿತು. ಅಮೆರಿಕದಿಂದ ಬಂದ ಬಿಡಿಭಾಗಗಳನ್ನು ಜೋಡಿಸಿ ಡಾಜ್, ಪ್ಲಿಮತ್ ಕಾರುಗಳನ್ನೂ ಫಾರ್ಗೊ ಲಾರಿಗಳನ್ನೂ ಅದು ಹೊರತಂದಿತು. ಮಾಂಟ್ಸ್ ಡಾರ್ಲಿಂಗ್ಟನ್‌ನಲ್ಲಿ ಗೆದ್ದ ಕಾಲಕ್ಕೆ ಅದೇ ಹೆಸರಿನ ಕಾರುಗಳು ಮುಂಬಯಿಯ ಕುರ್ಲಾದಲ್ಲಿ ಜೋಡಣೆಯಾಗುತ್ತಿದ್ದವು. ವಿಶ್ವೇಶ್ವರಯ್ಯನವರ ಯೋಜನೆ ಹತ್ತು ವರ್ಷ ಮೊದಲು ಕೈಗೂಡಿದ್ದರೆ ಮೈಸೂರು ಸೀಮೆಯ ಗ್ಯಾರೇಜುಗಳ ಚರಿತ್ರೆಯೇ ಬೇರೆಯಾಗುತ್ತಿತ್ತು ಎಂದು ಹೇಳುವುದರಲ್ಲಿ ಅತಿಶಯೋಕ್ತಿಯಿಲ್ಲ.

ಪ್ರೀಮಿಯರ್ ಕಂಪನಿ ಮುಂದೆ ಇಟಲಿಯ ಫಿಯೆಟ್ ಕಾರುಗಳ ಕಡೆಗೆ ಹೊರಳಿತು, ಮತ್ತು ಭಾರತದ ಮಟ್ಟಿಗೆ ಸ್ಟಾಕ್ ಕಾರ್ ಓಟಕ್ಕೆ ಅತಿ ಹತ್ತಿರದ ಓಟಗಳನ್ನು ಓಡಿದ್ದು ಈ ಫಿಯೆಟ್‌ಗಳೇ. ಮದರಾಸಿನ ಉತ್ತರಕ್ಕಿರುವ ಶೋಳಾವರಂನಲ್ಲಿ ಎರಡನೆಯ ಮಹಾಯುದ್ಧದ ಕಾಲದ ವಿಮಾನದಾರಿಯೊಂದು ಖಾಲಿ ಬಿದ್ದಿತ್ತು. 1953ರಲ್ಲಿ ಸ್ಥಾಪನೆಯಾದ ಮದ್ರಾಸ್ ಮೋಟಾರ್ ಸ್ಪೋರ್ಟ್ಸ್ ಕ್ಲಬ್ ಅಲ್ಲಿ ದಶಕಗಳ ಕಾಲ ಓಟಗಳನ್ನು ನಡೆಸಿತು. ಅಂಗಡಿಯಲ್ಲಿ ಸಿಗುತ್ತಿದ್ದ ಫಿಯೆಟ್, ಅಂಬಾಸಿಡರ್, ಸ್ಟ್ಯಾಂಡರ್ಡ್ ಹೆರಾಲ್ಡ್ ಕಾರುಗಳ ಎಂಜಿನ್‌ಗಳನ್ನು ತಿದ್ದಿ ಹುರಿಗೊಳಿಸಿ ಬೆಂಗಳೂರು, ಕೊಯಮತ್ತೂರು, ಮುಂಬಯಿ, ಕಲ್ಕತ್ತಾಗಳಿಂದ ಚಾಲಕರು ಬರುತ್ತಿದ್ದರು. ಆಮದು ನಿರ್ಬಂಧದ ಆ ದಿನಗಳಲ್ಲಿ ಓಟದ ಟೈರು, ಬಿಡಿಭಾಗ ಯಾವುದೂ ಸುಲಭವಾಗಿ ಸಿಗುತ್ತಿರಲಿಲ್ಲವಾದ್ದರಿಂದ ಇದ್ದುದರಲ್ಲಿಯೇ ಹೊಂದಿಸಿಕೊಳ್ಳುವ ಮೆಕ್ಯಾನಿಕ್‌ನ ಕೈಚಳಕಕ್ಕೆ ಅಲ್ಲಿ ಬಹಳ ಬೆಲೆ. 1990ರಲ್ಲಿ ಇರುಂಗಾಟ್ಟುಕೋಟೈಯ ಹೊಸ ಓಟದ ದಾರಿ ಸಿದ್ಧವಾದ ಮೇಲೆ ಶೋಳಾವರಂನ ಕಾಲ ಮುಗಿಯಿತು. ಸುತ್ತು ದಾರಿಯಿಲ್ಲದ ಕರ್ನಾಟಕದಲ್ಲಿ ಈ ಆಸಕ್ತಿ ರ‍್ಯಾಲಿಗಳ ಕಡೆಗೆ ತಿರುಗಿತು. ರ‍್ಯಾಲಿ ಎಂದರೆ ಕಾರುಗಳು ಒಂದೊಂದಾಗಿ ಹೊರಟು, ನಿಗದಿಯಾದ ಮಾರ್ಗವನ್ನು ನಿಗದಿಯಾದ ಹೊತ್ತಿನಲ್ಲಿ ಕ್ರಮಿಸುವ ದೂರದ ಸ್ಪರ್ಧೆ. ಬೆಂಗಳೂರಿನ ಕರ್ನಾಟಕ ಮೋಟಾರ್ ಸ್ಪೋರ್ಟ್ಸ್ ಕ್ಲಬ್ ನಡೆಸುವ ಕೆ-1000 ಅವುಗಳಲ್ಲಿ ಹಳೆಯದು.

ಬೆಂಗಳೂರಿನಿಂದ ಕನಕಪುರ, ಮಳವಳ್ಳಿ, ಕೊಳ್ಳೇಗಾಲ, ಯಳಂದೂರು, ಚಾಮರಾಜನಗರಗಳನ್ನು ಹಾದು, ದಿಂಬಂ ಘಟ್ಟದ 27 ತಿರುವುಗಳನ್ನು ಇಳಿದು ಸತ್ಯಮಂಗಲದ ಮೂಲಕ ಕೊಯಮತ್ತೂರು ಸೇರುವ 948ನೆಯ ರಾಷ್ಟ್ರೀಯ ಹೆದ್ದಾರಿ ದಕ್ಷಿಣ ಭಾರತದ ಎರಡು ಮೋಟಾರು ಓಟದ ಊರುಗಳನ್ನು ಜೋಡಿಸುತ್ತದೆ. 1956ರವರೆಗೆ ಕೊಳ್ಳೇಗಾಲಕ್ಕೆ ಜಿಲ್ಲಾ ಕೇಂದ್ರವಾಗಿದ್ದ ಕೊಯಮತ್ತೂರಿನಲ್ಲಿ ಎಸ್. ಕರಿವರ್ಧನ್ ಸ್ವತಃ ಓಟದ ಕಾರುಗಳನ್ನು ಕಟ್ಟಿ, ಕಿರಿಯ ಚಾಲಕರ ಒಂದು ಪೀಳಿಗೆಗೆ ದಾರಿ ಮಾಡಿಕೊಟ್ಟರು. ಅದೇ ಊರಿನ ನರೇನ್ ಕಾರ್ತಿಕೇಯನ್ 2005ರಲ್ಲಿ ಫಾರ್ಮುಲಾ ಒನ್ ಓಟಕ್ಕಿಳಿದ ಮೊದಲ ಭಾರತೀಯರಾದರು; ಐದು ವರ್ಷಗಳ ನಂತರ, 2010ರ ಮಾರ್ಚ್‌ನಲ್ಲಿ, ವರ್ಜೀನಿಯಾದ ಮಾರ್ಟಿನ್ಸ್‌ವಿಲ್‌ನಲ್ಲಿ ನಡೆದ ನ್ಯಾಸ್ಕಾರ್‌ನ ಪಿಕಪ್ ಟ್ರಕ್‌ಗಳ ಓಟದಲ್ಲಿ ಅವರು ಹದಿಮೂರನೆಯವರಾಗಿ ಬಂದು, ಆ ಸಂಸ್ಥೆಯ ರಾಷ್ಟ್ರೀಯ ಮಟ್ಟದ ಓಟವೊಂದರಲ್ಲಿ ಸ್ಪರ್ಧಿಸಿದ ಮೊದಲ ಭಾರತೀಯರೆಂದು ದಾಖಲಾದರು.